ಗೃಹಗ್ರಂಥಭಂಡಾರದಲ್ಲಿ ಕಥೆಯೂ ಶಾಸ್ತ್ರವೂ

ಓದುಬರಹ ಬಲ್ಲ ಕುಟುಂಬಗಳಲ್ಲಿ ಪುಸ್ತಕಗಳನ್ನು ಇಟ್ಟಿರುವ ಕ್ರಮವನ್ನು ನೋಡಿದರೆ, ಆ ಮನೆಯವರು ವಿದ್ಯೆಯನ್ನು ಕುರಿತು ಏನು ಭಾವಿಸಿರುವರೆಂಬುದು ಒಂದು ಮಟ್ಟಿಗೆ ತಿಳಿದುಬರುವುದು. ಈ ಕ್ರಮವು ಬಹುಮಟ್ಟಿಗೆ ಎಲ್ಲೆಡೆಯೂ ಒಂದೇ. ಕಥೆ ಕಾದಂಬರಿಗಳು ನಡುಮನೆಯ ಗೂಡಿನಲ್ಲಿಯೋ ದಿಂಬಿನ ಮಗ್ಗುಲಲ್ಲಿಯೋ ಇರುತ್ತವೆ. ಚರಿತ್ರೆ, ವಿಜ್ಞಾನ, ಶಾಸ್ತ್ರ ಮೊದಲಾದವು ಗಾಜಿನ ಬೀರುವಿನೊಳಗೆ ಬೀಗಮುದ್ರೆಯಲ್ಲಿರುತ್ತವೆ. ಮೊದಲನೆಯವು ಹೊತ್ತು ಕಳೆಯುವುದಕ್ಕೆ. ಎರಡನೆಯವು ಮಕ್ಕಳ ಪರೀಕ್ಷೆಗೆ, ಇಲ್ಲವೆ ಬಂದುಹೋಗುವವರ ಕಣ್ಣಿಗೆ. ಹೀಗೆ ಬೇರ್ಪಟ್ಟ ಮೇಲೆ ಕಾದಂಬರಿಯನ್ನು ಓದುವವರು ಅದನ್ನು ಏನೂ ಕೇಳುವುದಿಲ್ಲ. ಶಾಸ್ತ್ರವನ್ನು ಓದುವವರು ಅದರಲ್ಲಿ ಏನನ್ನೂ ಸವಿಯುವುದಿಲ್ಲ.

ಈ ವಿಭಾಗದಿಂದ ಇನ್ನೂ ದೊಡ್ಡದೊಂದು ಹಾನಿಯುಂಟು. ಮಳೆ ಏಕೆ ಬರುತ್ತದೆ, ನಕ್ಷತ್ರ ಏಕೆ ಮಿನುಗುತ್ತದೆ ಎಂದು ಮಗು ಕೇಳಿದಾಗ, ಅದರ ಉತ್ತರವು ಇಂಗ್ಲಿಷ್ ಪುಸ್ತಕದಲ್ಲಿರುವುದೆಂದೂ ಕನ್ನಡದಲ್ಲಿರುವುದು ಅಜ್ಜಿಕಥೆಯೆಂದೂ ಹಿರಿಯರೇ ಕಲಿಸಿಬಿಡುತ್ತಾರೆ. ಬಾಯಿಬಿಟ್ಟು ಹೇಳದಿದ್ದರೂ ಬೀರುವಿನ ಏರ್ಪಾಡೇ ಅದನ್ನು ಹೇಳುತ್ತದೆ. ತಿಳಿಯುವುದಕ್ಕೆ ಒಂದು ಭಾಷೆ, ನಗುವುದಕ್ಕೂ ಅಳುವುದಕ್ಕೂ ಇನ್ನೊಂದು ಭಾಷೆ ಎಂದಾದರೆ ಆ ಎರಡನೆಯ ಭಾಷೆಯು ಮನೆಯೊಳಗಿನ ಮುದುಕರಂತೆ ಗೌರವದಿಂದ ಮೂಲೆಗೆ ಸೇರುವುದು. ಪ್ರಶ್ನೆ ಕೇಳುವುದು ನಿಂತುಹೋದ ಭಾಷೆಯಲ್ಲಿ ಒಳ್ಳೆಯ ಕಥೆಯೂ ಬಹುಕಾಲ ಹುಟ್ಟಲಾರದು. ಆದಕಾರಣ ಮನೆಯ ಪುಸ್ತಕಗಳನ್ನು ಆರಿಸುವ ವಿಷಯವು ಕೇವಲ ಅಭಿರುಚಿಯ ವಿಷಯವಲ್ಲ.

‘ಜಿಜ್ಞಾಸೆ’ ಎಂಬ ಶಬ್ದದ ರೂಪದಲ್ಲಿಯೇ ಇಲ್ಲಿಗೆ ಬೇಕಾದ ಒಂದು ಪಾಠವಿದೆ. ಸಂಸ್ಕೃತದಲ್ಲಿ ಇಚ್ಛೆಯ ಅರ್ಥವನ್ನು ಹೇಳಬೇಕಾದಾಗ ಧಾತುವಿಗೆ ಸನ್ ಪ್ರತ್ಯಯವು ಸೇರುತ್ತದೆ. ಕುಡಿಯುವ ಇಚ್ಛೆಯು ಪಿಪಾಸೆ, ಉಣ್ಣುವ ಇಚ್ಛೆಯು ಬುಭುಕ್ಷೆ, ತಿಳಿಯುವ ಇಚ್ಛೆಯು ಜಿಜ್ಞಾಸೆ. ವೈಯಾಕರಣರ ಪಂಕ್ತಿಯಲ್ಲಿ ತಿಳಿವಿನ ಬಯಕೆಯು ಹಸಿವು ನೀರಡಿಕೆಗಳ ಪಕ್ಕದಲ್ಲಿ ಕುಳಿತಿದೆ. ಪೂರ್ವಮೀಮಾಂಸಾಸೂತ್ರಗಳೂ ಬ್ರಹ್ಮಸೂತ್ರಗಳೂ ಮೊಟ್ಟಮೊದಲ ಸೂತ್ರದಲ್ಲಿಯೇ ಈ ಶಬ್ದವನ್ನಿಟ್ಟುಕೊಂಡು ಹೊರಡುತ್ತವೆ. ಕುತೂಹಲವೆಂಬುದು ಇದರ ಒಡಹುಟ್ಟು. ಮುಂದೇನಾಯಿತು ಎಂದು ಕೇಳುವುದು ಕುತೂಹಲ. ಹೀಗೇಕಾಯಿತು ಎಂದು ಕೇಳುವುದು ಜಿಜ್ಞಾಸೆ. ಒಳ್ಳೆಯ ಕಥೆಯು ಮೊದಲನೆಯದರಿಂದ ಕೈಹಿಡಿದು ಎರಡನೆಯದರ ಬಾಗಿಲಲ್ಲಿ ಬಿಡುತ್ತದೆ. ಒಳ್ಳೆಯ ಶಾಸ್ತ್ರಗ್ರಂಥವು ಎರಡನೆಯದರಿಂದ ಹೊರಟರೂ ಮೊದಲನೆಯದನ್ನು ಬಿಡುವುದಿಲ್ಲ.

ಆಲಂಕಾರಿಕರು ಉಪದೇಶವನ್ನು ಮೂರು ಬಗೆಯಾಗಿ ವಿಂಗಡಿಸಿರುವುದು ವಿದ್ವಾಂಸರಿಗೆ ತಿಳಿದದ್ದೇ. ವೇದವು ಪ್ರಭುವಿನಂತೆ ಆಜ್ಞೆಮಾಡುತ್ತದೆ, ಪುರಾಣೇತಿಹಾಸಗಳು ಮಿತ್ರನಂತೆ ತಿಳಿಯಹೇಳುತ್ತವೆ, ಕಾವ್ಯವು ಕಾಂತೆಯಂತೆ ಮನಸ್ಸನ್ನು ಒಲಿಸಿಕೊಂಡು ದಾರಿಗೆ ತರುತ್ತದೆ ಎಂದು ಮಮ್ಮಟನ ಅಭಿಪ್ರಾಯ. ಒಂದೇ ಮನೆಯಲ್ಲಿ ಈ ಮೂವರೂ ಇರಬೇಕಾದುದು ಸಹಜ. ಆದುದರಿಂದ ಪುಸ್ತಕಗಳನ್ನು ಒಂಟೊಂಟಿಯಾಗಿ ಆರಿಸುವುದಕ್ಕೆ ಬದಲು, ಒಂದೇ ವಸ್ತುವನ್ನು ಕುರಿತ ಒಂದು ಕಥೆ, ಒಂದು ಶಾಸ್ತ್ರ ಎಂಬಂತೆ ಜೋಡಿಜೋಡಿಯಾಗಿ ಆರಿಸುವುದು ಯುಕ್ತ. ಕನ್ನಡದಲ್ಲಿ ಅಂತಹ ಜೋಡಿಗಳಿಗೆ ಕೊರತೆಯಿಲ್ಲ. ಅವುಗಳಲ್ಲಿ ಐದನ್ನು ಇಲ್ಲಿ ಪರಿಶೀಲಿಸಿದೆ.

ಮೊದಲನೆಯ ಜೋಡಿಯು ಸುಮಾರು ಸಾವಿರ ವರ್ಷಗಳಷ್ಟು ಹಳೆಯದು. ಚಾಲುಕ್ಯ ಜಗದೇಕಮಲ್ಲ ಜಯಸಿಂಹನ ಕಾಲದಲ್ಲಿ, ಕ್ರಿ. ಶ. 1025ರ ಸುಮಾರಿಗೆ, ಎರಡನೆಯ ಚಾವುಂಡರಾಯನು ‘ಲೋಕೋಪಕಾರ’ವೆಂಬ ಗ್ರಂಥವನ್ನು ರಚಿಸಿದನು. ಅದೇ ಅರಸನಲ್ಲಿ ಸಂಧಿವಿಗ್ರಹಿಯಾಗಿದ್ದ ದುರ್ಗಸಿಂಹನು 1031ರ ಸುಮಾರಿಗೆ ‘ಪಂಚತಂತ್ರ’ವನ್ನು ರಚಿಸಿದನು. ಒಂದೇ ಆಸ್ಥಾನದ ನೆರಳಿನಲ್ಲಿ, ಕೆಲವೇ ವರ್ಷಗಳ ಅಂತರದಲ್ಲಿ, ಒಬ್ಬನು ಮೃಗಪಕ್ಷಿಗಳ ಬಾಯಲ್ಲಿ ರಾಜನೀತಿಯನ್ನು ಆಡಿಸಿದನು. ಮತ್ತೊಬ್ಬನು ಬಾವಿ ತೋಡುವುದರಿಂದ ಹಿಡಿದು ಅಡಿಗೆಯವರೆಗೆ ಗೃಹಸ್ಥನಿಗೆ ಬೇಕಾದುದನ್ನೆಲ್ಲ ಕಟ್ಟಿಟ್ಟನು. ಕಥೆಯನ್ನು ಒಂದೆಡೆಗೂ ತಿಳಿವನ್ನು ಒಂದೆಡೆಗೂ ಬೀಗಹಾಕುವ ಪದ್ಧತಿಯು ಆ ಕಾಲದ ಕನ್ನಡಕ್ಕೆ ಗೊತ್ತಿರಲಿಲ್ಲವೆಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಕಾಗಿಲ್ಲ.

ದುರ್ಗಸಿಂಹನು ವಿಷ್ಣುಶರ್ಮನ ಪಾಠವನ್ನು ಹಿಡಿಯದೆ ವಸುಭಾಗಭಟ್ಟನ ಪಾಠವನ್ನು ಅನುಸರಿಸಿದನು. ಈ ಪಾಠದ ಪರಂಪರೆಯೇ ಕಡಲನ್ನು ದಾಟಿ ಜಾವಾದ್ವೀಪದ ತಂತ್ರಿಕಥೆಗಳಲ್ಲಿ ಕಾಣಿಸಿಕೊಂಡಿತು. ಪಂಚತಂತ್ರದ ಇನ್ನೊಂದು ಶಾಖೆಯು 6ನೆಯ ಶತಮಾನದಲ್ಲಿ ಪಹ್ಲವೀ ಭಾಷೆಗೂ, 8ನೆಯ ಶತಮಾನದಲ್ಲಿ ಇಬ್ನ್ ಅಲ್ ಮುಕಫ್ಫಾನ ಕೈಯಿಂದ ಅರಬ್ಬೀ ಭಾಷೆಗೂ ಹೋಗಿ, ಅಲ್ಲಿ ಕರಟಕ ದಮನಕರೆಂಬ ನರಿಗಳು ಕಲೀಲ ದಿಮ್ನ ಎಂಬ ಹೆಸರು ಪಡೆದವು. ಮಕ್ಕಳ ಪುಸ್ತಕವೆಂದು ಈ ಗ್ರಂಥವನ್ನು ತಳ್ಳಿಬಿಡುವುದು ಸರಿಯಲ್ಲ. ಪ್ರತಿಯೊಂದು ಕಥೆಯ ಬಾಲಕ್ಕೆ ಒಂದು ನೀತಿಯನ್ನು ಕಟ್ಟಿ ಪಾಠಪುಸ್ತಕಗಳು ಇದಕ್ಕೆ ಅನ್ಯಾಯಮಾಡಿವೆ. ಪಿಂಗಲಕನೆಂಬ ಸಿಂಹಕ್ಕೂ ಸಂಜೀವಕನೆಂಬ ಎತ್ತಿಗೂ ಇದ್ದ ನಿಜವಾದ ಸ್ನೇಹವು ಸುಳ್ಳೊಂದರಿಂದ ಹೇಗೆ ಮುರಿಯಿತು, ಸುಳ್ಳೆಂದು ತಿಳಿಯುವ ಅವಕಾಶವಿದ್ದರೂ ಸಿಂಹವು ಏಕೆ ವಿಚಾರಿಸಲಿಲ್ಲ ಎಂಬುದು ಇಲ್ಲಿಯ ನಿಜವಾದ ಪ್ರಶ್ನೆ. ಸಂಧಿವಿಗ್ರಹಗಳನ್ನೇ ವೃತ್ತಿಯಾಗಿ ಉಳ್ಳವನೊಬ್ಬನು ಈ ಪ್ರಶ್ನೆಯನ್ನು ಎತ್ತಿಕೊಂಡನೆಂಬುದನ್ನು ಓದುಗರು ಮರೆಯಬಾರದು. ದುರ್ಗಸಿಂಹನ ಚಂಪೂಶೈಲಿಯು ಇಂದಿನವರಿಗೆ ಕಠಿನವೆಂಬುದು ನಿಜ. ಅವನ ಪದ್ಯಗಳಿಗಿಂತ ಗದ್ಯವು ಹೆಚ್ಚು ಚುರುಕು. ಹಳಗನ್ನಡವನ್ನು ಬಲ್ಲ ಹಿರಿಯರೊಬ್ಬರು ಸಂಜೆ ಒಂದೊಂದು ಕಥೆಯಂತೆ ಬಿಡಿಸಿ ಹೇಳಿದರೆ ಈ ಕಷ್ಟವು ಬಹುಪಾಲು ತೀರುವುದು.

‘ಲೋಕೋಪಕಾರ’ವನ್ನು ಓದುವ ರೀತಿಯು ಬೇರೆ. ಮಳೆಯ ಲಕ್ಷಣ, ನೆಲದೊಳಗಣ ನೀರನ್ನು ಗುರುತಿಸುವ ಬಗೆ, ವೃಕ್ಷಾಯುರ್ವೇದ, ಸೂಪಶಾಸ್ತ್ರ, ಸುಗಂಧದ್ರವ್ಯ, ಗೋವೈದ್ಯ, ವಿಷವೈದ್ಯ, ಶಕುನ ಎಲ್ಲವೂ ಇದರಲ್ಲಿವೆ. ಅಂತರ್ಜಲದ ಪ್ರಕರಣವು ವರಾಹಮಿಹಿರನ ‘ಬೃಹತ್ಸಂಹಿತೆ’ಯಲ್ಲಿಯೂ ಉಂಟಾದುದರಿಂದ ಈ ವಿದ್ಯೆಯು ಹಿಂದಿನಿಂದ ಹರಿದುಬಂದುದೆಂದು ತಿಳಿಯಬಹುದು. ಇದನ್ನು ಇಂದಿನ ಕೈಪಿಡಿಯೆಂದು ನಂಬಿ ಔಷಧಗಳನ್ನು ಪ್ರಯೋಗಿಸುವುದು ಅವಿವೇಕ. ಶಕುನಗಳನ್ನು ಸತ್ಯವೆಂದು ಹಿಡಿಯುವುದೂ ಅವಿವೇಕವೇ. ಆದರೆ ಹನ್ನೊಂದನೆಯ ಶತಮಾನದ ಕನ್ನಡಿಗನು ಯಾವುದನ್ನು ತಿಳಿಯಲು ಬಯಸಿದನು, ಯಾವುದನ್ನು ಕಣ್ಣಿಟ್ಟು ನೋಡಿದನು, ಎಲ್ಲಿ ನೋಡದೆ ನಂಬಿದನು ಎಂಬ ಮೂರನ್ನೂ ಬೇರ್ಪಡಿಸಿಕೊಂಡು ಓದಿದರೆ ಇದರಷ್ಟು ಲಾಭಕರವಾದ ಗ್ರಂಥವು ವಿರಳ. ಇಂತಹ ಬೇರ್ಪಡಿಸುವಿಕೆಯೇ ವಿಮರ್ಶೆಯ ಮೊದಲ ಪಾಠ.

ಎರಡನೆಯ ಜೋಡಿಯ ಎರಡು ಭಾಗಗಳೂ ಒಬ್ಬರೇ ಲೇಖಕರವು. ಶಿವರಾಮ ಕಾರಂತರು 1940ರ ದಶಕದ ಆರಂಭದಲ್ಲಿ ‘ಮರಳಿ ಮಣ್ಣಿಗೆ’ಯನ್ನು ಪ್ರಕಟಿಸಿದರು. ಅದಕ್ಕೆ ಮುನ್ನ 1930ರ ದಶಕದಲ್ಲಿಯೇ ಮಕ್ಕಳಿಗಾಗಿ ‘ಬಾಲಪ್ರಪಂಚ’ದ ಮೂರು ಸಂಪುಟಗಳನ್ನೂ, ಮುಂದೆ ‘ವಿಜ್ಞಾನ ಪ್ರಪಂಚ’ದ ನಾಲ್ಕು ಸಂಪುಟಗಳನ್ನೂ ಒಬ್ಬರೇ ಸಿದ್ಧಗೊಳಿಸಿದರು. ಸಭೆಗಳೂ ಸಂಸ್ಥೆಗಳೂ ಕೂಡಿ ಮಾಡತಕ್ಕ ಕೆಲಸವನ್ನು ಒಬ್ಬರು ತಲೆಯ ಮೇಲೆ ಹೊತ್ತುದನ್ನು ಕಂಡು ಬೆರಗುಪಡುವವರು ಬಹಳ ಮಂದಿ. ಆ ಕಾದಂಬರಿಗೂ ಈ ವಿಶ್ವಕೋಶಗಳಿಗೂ ಸಂಬಂಧವೇನೆಂದು ವಿಚಾರಿಸುವವರು ಕಡಿಮೆ.

‘ಮರಳಿ ಮಣ್ಣಿಗೆ’ಯು ಪಡುವಣ ಕಡಲ ಕರೆಯ ಕೋಡಿ ಎಂಬಲ್ಲಿಯ ಐತಾಳರ ಮನೆತನದ ಮೂರು ತಲೆಮಾರುಗಳ ಕಥೆ. ಪೌರೋಹಿತ್ಯದಿಂದ ಬದುಕುವ ರಾಮ ಐತಾಳರು, ಇಂಗ್ಲಿಷ್ ವಿದ್ಯೆಗೆಂದು ಹೋಗಿ ದಾರಿತಪ್ಪಿದ ಮಗ ಲಚ್ಚ, ಊರೂರು ತಿರುಗಿ ಕೊನೆಗೆ ಹುಟ್ಟಿದ ನೆಲಕ್ಕೇ ಹಿಂದಿರುಗುವ ಮೊಮ್ಮಗ ರಾಮ. ಆದರೆ ಕಾದಂಬರಿಯ ಬೆನ್ನೆಲುಬು ಗಂಡಸರಲ್ಲ; ಸರಸೋತಿ, ಪಾರೋತಿ, ನಾಗವೇಣಿಯರು. ಮಳೆಗಾಲಕ್ಕೆ ಸೌದೆ ಕೂಡಿಡುವುದು, ಗದ್ದೆಗೆ ಗೊಬ್ಬರ ಹೊರುವುದು, ಉಪ್ಪುನೀರಿಗೂ ಸಿಹಿನೀರಿಗೂ ನಡುವೆ ಬೆಳೆಯನ್ನು ಉಳಿಸಿಕೊಳ್ಳುವುದು ಮೊದಲಾದ ಕೆಲಸಗಳನ್ನು ಕಾರಂತರು ಅಲಂಕಾರವಾಗಿ ತಂದಿಲ್ಲ. ಆ ಕೆಲಸದ ಭಾರವನ್ನು ಓದುಗರ ಹೆಗಲಿಗೂ ಹೊರಿಸುತ್ತಾರೆ. ಕಡಲು, ಮಳೆ, ಮಣ್ಣು ಇವುಗಳ ಸ್ವಭಾವವನ್ನು ವಿಜ್ಞಾನಿಯ ಕಣ್ಣಿನಿಂದ ನೋಡದವನು ಈ ಕಾದಂಬರಿಯನ್ನು ಬರೆಯಲಾರನು. ಆ ಹೆಂಗಸರ ಬದುಕನ್ನು ಕಂಡು ಮರುಗದವನು ಹಳ್ಳಿಯ ಮಕ್ಕಳಿಗಾಗಿ ವಿಶ್ವಕೋಶವನ್ನು ಬರೆಯುವ ಗೋಜಿಗೂ ಹೋಗಲಾರನು. ಸಂಬಂಧವು ಇದೇ.

ದೋಷವನ್ನೂ ಹೇಳಬೇಕು. ‘ವಿಜ್ಞಾನ ಪ್ರಪಂಚ’ವು ಮನುಷ್ಯನು ಚಂದ್ರನ ಮೇಲೆ ಕಾಲಿಟ್ಟ 1969ಕ್ಕಿಂತ ಹಿಂದಿನದು, ಪ್ಲೂಟೋವನ್ನು ಗ್ರಹಗಳ ಪಂಕ್ತಿಯಿಂದ ಕೆಳಗಿಳಿಸಿದ 2006ಕ್ಕಿಂತ ಬಹಳ ಹಿಂದಿನದು. ಅಲ್ಲಿಯ ಎಷ್ಟೋ ಸಂಗತಿಗಳನ್ನು ಈಗ ತಿದ್ದಿಕೊಳ್ಳಬೇಕು. ಆದರೆ ತಿದ್ದಿಕೊಳ್ಳುವ ಕೆಲಸವೇ ಬೆಳೆದ ಮಕ್ಕಳಿಗೆ ಒಂದು ವ್ಯಾಸಂಗವಾಗಬಹುದು. ಹಳೆಯ ಪುಟದ ಅಂಚಿನಲ್ಲಿ ಹೊಸ ಸಂಗತಿಯನ್ನು ಬರೆಯುವ ಹುಡುಗನು, ಹೊಸ ಪುಸ್ತಕವನ್ನು ಬಾಯಿಪಾಠಮಾಡುವ ಹುಡುಗನಿಗಿಂತ ಹೆಚ್ಚು ಕಲಿಯುವನು. ಜ್ಞಾನವು ಬೆಳೆಯತಕ್ಕದ್ದೆಂಬುದನ್ನು ಅವನು ಕೈಯಾರೆ ಕಂಡುಕೊಂಡಿರುತ್ತಾನೆ.

ಮೂರನೆಯ ಜೋಡಿಯ ನೆಲೆ ಪಶ್ಚಿಮಘಟ್ಟದ ಕಾಡು. ಪೂರ್ಣಚಂದ್ರ ತೇಜಸ್ವಿಯವರ ‘ಕರ್ವಾಲೊ’ ಕಾದಂಬರಿಯು 1980ರಲ್ಲಿಯೂ, ಬಿ. ಜಿ. ಎಲ್. ಸ್ವಾಮಿಯವರ ‘ಹಸುರು ಹೊನ್ನು’ 1976ರಲ್ಲಿಯೂ ಪ್ರಕಟವಾದವು. ಜಿಜ್ಞಾಸುವಾದ ಓದುಗನ ಮನೆಯಲ್ಲಿ ಒಂದೇ ಜೋಡಿಗೆ ಸ್ಥಳವಿದ್ದರೆ ಅದು ಇದಾಗಬೇಕು.

ಸಾಮಾನ್ಯವಾಗಿ ಕಾದಂಬರಿಯ ಎಳೆಯು ಮದುವೆ, ಆಸ್ತಿ, ಹಗೆ ಇವುಗಳಲ್ಲೊಂದು. ‘ಕರ್ವಾಲೊ’ದಲ್ಲಿ ಎಳೆಯು ಒಂದು ಹುಡುಕಾಟ. ಮಲೆನಾಡಿನ ಕೃಷಿಕನೊಬ್ಬನು ಹೇಳುವ ಈ ಕಥೆಯಲ್ಲಿ ಕರ್ವಾಲೊ ಎಂಬ ವಿಜ್ಞಾನಿಯೂ, ಜೇನು ಹಿಡಿಯುವ ಮಂದಣ್ಣನೂ, ಇನ್ನೂ ನಾಲ್ಕಾರು ಮಂದಿಯೂ ಹಾರುವ ಓತಿಯೊಂದನ್ನು ಹುಡುಕಿಕೊಂಡು ಕಾಡನ್ನು ಹೊಗುತ್ತಾರೆ. ಊರಿನ ಕಣ್ಣಿಗೆ ಮಂದಣ್ಣನು ಕೆಲಸಕ್ಕೆ ಬಾರದವನು; ಪೊಲೀಸರ ಕಣ್ಣಿಗೆ ಕಳ್ಳಭಟ್ಟಿಯ ಆಪಾದಿತನು. ಕರ್ವಾಲೊ ಒಬ್ಬರಿಗೆ ಮಾತ್ರ ಅವನು ಹುಟ್ಟಾ ನಿಸರ್ಗತಜ್ಞನಾಗಿ ಕಾಣುತ್ತಾನೆ. ಶಾಲೆಯ ವಿದ್ಯೆಗೂ ನೋಡುವ ಶಕ್ತಿಗೂ ಇರುವ ಅಂತರವನ್ನು ಇಷ್ಟು ಹಗುರವಾದ ಕೈಯಿಂದ ತೋರಿಸಿದ ಕನ್ನಡ ಗ್ರಂಥವು ಇನ್ನೊಂದಿಲ್ಲ. ಪಂಡಿತರ ಮನೆಗಳಲ್ಲಿ ಇದನ್ನು ಅವಶ್ಯವಾಗಿ ಓದಬೇಕು. ಶಬ್ದವನ್ನು ಬಲ್ಲವರು ವಸ್ತುವನ್ನೂ ಬಲ್ಲೆವೆಂದು ತಿಳಿಯುವ ಅಪಾಯವು ಅಲ್ಲಿಯೇ ಹೆಚ್ಚು.

ಹಾರುವ ಓತಿಯು ಕವಿಕಲ್ಪನೆಯೆಂದು ಭಾವಿಸುವವರುಂಟು. ಅದು ಪಶ್ಚಿಮಘಟ್ಟದಲ್ಲಿ ನಿಜವಾಗಿಯೂ ಇರತಕ್ಕ ಪ್ರಾಣಿ. ಅಡಕೆಯ ತೋಟಗಳಲ್ಲಿಯೂ ಕಾಣಸಿಗುತ್ತದೆ. ನೀಳವಾದ ಪಕ್ಕೆಲುಬುಗಳ ಮೇಲೆ ಹರಡಿದ ಚರ್ಮದ ಪೊರೆಯನ್ನು ಬಿಚ್ಚಿ ಮರದಿಂದ ಮರಕ್ಕೆ ತೇಲಿ ಇಳಿಯುತ್ತದೆ. ಹಕ್ಕಿಯಂತೆ ರೆಕ್ಕೆಬಡಿದು ಹಾರುವುದಿಲ್ಲ. ಕಾದಂಬರಿಯು ಅದಕ್ಕೆ ಕೊಡುವ ಅಪೂರ್ವತೆಯು ಪ್ರಾಣಿಶಾಸ್ತ್ರದ ಲೆಕ್ಕಕ್ಕೆ ಸ್ವಲ್ಪ ಹೆಚ್ಚಾಯಿತು. ಆದರೆ ಕೊನೆಯಲ್ಲಿ, ಅಷ್ಟು ಹುಡುಕಿ ಕಂಡ ಓತಿಯು ಕೈಗೆ ಸಿಕ್ಕದೆ ಕಣಿವೆಯ ಆಳಕ್ಕೆ ತೇಲಿಹೋಗುವಲ್ಲಿ, ಆ ಅತಿಶಯಕ್ಕೆ ಸಮಾಧಾನವು ದೊರೆಯುತ್ತದೆ. ಜಿಜ್ಞಾಸೆಯ ಫಲವೆಂದರೆ ಹಿಡಿದು ಪೆಟ್ಟಿಗೆಯಲ್ಲಿಡುವುದೇ ಎಂಬ ಸಂದೇಹವು ಪುಸ್ತಕವನ್ನು ಮುಚ್ಚಿದ ಮೇಲೂ ಓದುಗರ ಬೆನ್ನುಬಿಡುವುದಿಲ್ಲ.

ಸ್ವಾಮಿಯವರು ಮದರಾಸಿನ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಸಸ್ಯಶಾಸ್ತ್ರದ ಪ್ರಾಧ್ಯಾಪಕರಾಗಿದ್ದವರು. ವಿದ್ಯಾರ್ಥಿಗಳನ್ನು ಕಟ್ಟಿಕೊಂಡು ಕಾಡುಮೇಡು ಅಲೆದ ಸಂಚಾರಗಳ ವೃತ್ತಾಂತವೇ ‘ಹಸುರು ಹೊನ್ನು’. ಅದಕ್ಕೆ 1978ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿಯು ಬಂದಿತು. ಗಿಡದ ಲಕ್ಷಣ, ಅದರ ಹೆಸರಿನ ಹಿಂದಿನ ಕಥೆ, ಲೇಖಕರೇ ಬರೆದ ರೇಖಾಚಿತ್ರ, ನಡುನಡುವೆ ಹುಡುಗರ ಕುಚೇಷ್ಟೆ ಎಲ್ಲವೂ ಒಂದೇ ಉಸಿರಿನಲ್ಲಿ ಸಾಗುತ್ತವೆ. ಹಾಸ್ಯವು ಕೆಲವೆಡೆ ಮಿತಿಮೀರಿ, ಗಿಡವನ್ನು ನೋಡಬಂದವನಿಗೆ ಗದ್ದಲವೇ ಕಾಣುವುದುಂಟು. ಆದರೆ ಶಾಸ್ತ್ರವು ಮಿತ್ರನಂತೆ ಮಾತನಾಡುವುದೆಂದರೇನು ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ಸಿಕ್ಕದು.

ಇವರದೇ ‘ನಮ್ಮ ಹೊಟ್ಟೆಯಲ್ಲಿ ದಕ್ಷಿಣ ಅಮೆರಿಕ’ ಎಂಬ ಪುಸ್ತಕವನ್ನು ಅಡಿಗೆಮನೆಯ ಸಮೀಪದಲ್ಲಿಯೇ ಇಡಬೇಕು. ಮೆಣಸಿನಕಾಯಿ, ಆಲೂಗೆಡ್ಡೆ, ಟೊಮೇಟೊ, ಕಡಲೆಕಾಯಿ, ಸೀಬೆ, ಪರಂಗಿ, ಗೋಡಂಬಿ ಇವೆಲ್ಲವೂ ಅಮೆರಿಕ ಖಂಡದಿಂದ ಬಂದವು. 1498ರಲ್ಲಿ ವಾಸ್ಕೋ ಡ ಗಾಮನು ಕಲ್ಲೀಕೋಟೆಯಲ್ಲಿ ಇಳಿದ ತರುವಾಯ ಪೋರ್ಚುಗೀಸರ ಹಡಗುಗಳು ತೆರೆದ ದಾರಿಯಲ್ಲಿ ಈ ಹೊಸ ಗಿಡಗಳು ಭಾರತವನ್ನು ಸೇರಿದವು. ಅದಕ್ಕೆ ಮುನ್ನ ಅಡಿಗೆಗೆ ಖಾರವನ್ನು ಕೊಡುತ್ತಿದ್ದವು ಆಯುರ್ವೇದದವರು ತ್ರಿಕಟುವೆಂದು ಕರೆಯುವ ಶುಂಠಿ, ಹಿಪ್ಪಲಿ, ಮೆಣಸುಗಳು. ಹೊಸದಾಗಿ ಬಂದ ಕಾಯಿಯನ್ನು ಕನ್ನಡಿಗರು ಹಳೆಯ ಮೆಣಸಿನ ಹೆಸರಿನಿಂದಲೇ ಕರೆದುಕೊಂಡರು. ಚಾವುಂಡರಾಯನ ಸೂಪಶಾಸ್ತ್ರದಲ್ಲಿ ಮೆಣಸಿನಕಾಯಿಯನ್ನು ಹುಡುಕುವುದು ವ್ಯರ್ಥಶ್ರಮ.

ಇಷ್ಟನ್ನು ತಿಳಿದ ಗೃಹಿಣಿಗೆ ಇನ್ನೊಂದು ವಿಷಯವು ತಾನಾಗಿಯೇ ಹೊಳೆಯುವುದು. ಅನೇಕ ವೈದಿಕರ ಮನೆಗಳಲ್ಲಿ ಶ್ರಾದ್ಧದ ಅಡಿಗೆಗೆ ಮೆಣಸಿನಕಾಯಿಯೂ ಆಲೂಗೆಡ್ಡೆಯೂ ಟೊಮೇಟೊವೂ ಒಲ್ಲವು, ಮೆಣಸೇ ಆಗಬೇಕು. ಕಾರಣವನ್ನು ಕೇಳಿದರೆ ‘ಸಂಪ್ರದಾಯ’ವೆಂಬ ಒಂದೇ ಉತ್ತರ. ಐನೂರು ವರ್ಷಗಳ ಹಿಂದಿನ ಅಡಿಗೆಮನೆಯ ನೆನಪು ಪಿತೃಗಳ ಎಲೆಯ ಮೇಲೆ ಇನ್ನೂ ಉಳಿದುಕೊಂಡಿದೆಯೆಂದು ಸಸ್ಯಶಾಸ್ತ್ರವು ಸೂಚಿಸುತ್ತದೆ. ಸಂಪ್ರದಾಯಕ್ಕೆ ಇದರಿಂದ ಅಪಚಾರವಿಲ್ಲ. ಅ‌ರ್ಥವೊಂದು ದೊರೆತು ಅದರ ಗೌರವವು ಹೆಚ್ಚುತ್ತದೆ. ಒಳ್ಳೆಯ ಶಾಸ್ತ್ರಗ್ರಂಥವನ್ನು ಅಳೆಯುವ ಒರೆಗಲ್ಲು ಇದೇ. ಅದನ್ನು ಓದಿದವರಿಗೆ ದಿನವೂ ಕಾಣುವ ವಸ್ತುವು ಮಾರನೆಯ ದಿನ ಹೊಸದಾಗಿ ಕಾಣಬೇಕು.

ನಾಲ್ಕನೆಯ ಜೋಡಿಯು ಮನಸ್ಸಿಗೆ ಸಂಬಂಧಿಸಿದ್ದು. ತ್ರಿವೇಣಿಯವರ ‘ಶರಪಂಜರ’ವು 1971ರಲ್ಲಿ ಪುಟ್ಟಣ್ಣ ಕಣಗಾಲರ ಚಲಚ್ಚಿತ್ರವಾದುದರಿಂದ ಅದರ ಕಥೆಯನ್ನು ಅರಿಯದವರು ಕಡಿಮೆ. ಹೆರಿಗೆಯ ತರುವಾಯ ಚಿತ್ತವಿಕಾರಕ್ಕೆ ಒಳಗಾದ ಕಾವೇರಿಯು ಆಸ್ಪತ್ರೆಯಲ್ಲಿ ಗುಣವಾಗಿ ಮನೆಗೆ ಬರುತ್ತಾಳೆ. ರೋಗವು ಹೋದರೂ ಹೆಸರು ಹೋಗುವುದಿಲ್ಲ. ಅವಳು ನಕ್ಕರೂ ಸಂದೇಹ, ಸಿಟ್ಟಾದರೂ ಸಂದೇಹ. ಗಂಡನಿಂದ ನೆರೆಹೊರೆಯವರವರೆಗೆ ಒಬ್ಬೊಬ್ಬರ ನೋಟವೂ ಒಂದೊಂದು ಬಾಣವಾಗಿ, ಗುಣವಾದವಳನ್ನು ಮತ್ತೆ ರೋಗಕ್ಕೆ ನೂಕುತ್ತದೆ. ಕೊನೆಯ ಭಾಗದಲ್ಲಿ ಲೇಖಕಿಯವರು ಓದುಗರ ಕಣ್ಣೀರನ್ನು ಸ್ವಲ್ಪ ಬಲವಾಗಿಯೇ ಎಳೆಯುತ್ತಾರೆಂಬ ಆಕ್ಷೇಪಕ್ಕೆ ಅವಕಾಶವಿದೆ. ಆದರೆ ‘ಹೆಂಗಸರ ಕಾದಂಬರಿ’ಯೆಂದು ಇದನ್ನು ಬದಿಗಿಡುವ ಗಂಡಸರು, ಕಾದಂಬರಿಯೊಳಗಣ ಗಂಡನ ಸಾಲಿನಲ್ಲಿಯೇ ತಾವು ನಿಂತಿರುವುದನ್ನು ಗಮನಿಸುವುದಿಲ್ಲ.

ಇದರ ಜೊತೆಗೆ ಓದತಕ್ಕದ್ದು ಡಾ. ಎಂ. ಶಿವರಾಮರ ‘ಮನಮಂಥನ’. ‘ರಾಶಿ’ಯೆಂಬ ಹೆಸರಿನಲ್ಲಿ ನಗೆಬರಹಗಳನ್ನು ಬರೆದು, 1942ರಲ್ಲಿ ‘ಕೊರವಂಜಿ’ ಪತ್ರಿಕೆಯನ್ನು ಆರಂಭಿಸಿದ ವೈದ್ಯರು ಇವರೇ. 1976ರ ಅಕಾಡೆಮಿ ಪ್ರಶಸ್ತಿಯು ದೊರೆತುದು ಇವರ ಹಾಸ್ಯಕ್ಕಲ್ಲ, ಮನೋರೋಗಗಳನ್ನು ಕುರಿತ ಈ ಗ್ರಂಥಕ್ಕೆ. ಚಿಕಿತ್ಸಾಕ್ರಮವು ಆಮೇಲೆ ಬಹಳ ಮುಂದುವರಿದಿದೆ. ಆದರೆ ಮನಸ್ಸಿನ ರೋಗವೂ ಜ್ವರದಂತೆಯೇ ರೋಗವೆಂದು, ಅಂಜದೆ ನಾಚದೆ ಮನೆಯ ಮಾತಿನಲ್ಲಿ ಹೇಳುವ ಧೈರ್ಯವು ಹಳೆಯದಾಗುವುದಿಲ್ಲ.

ಮಮ್ಮಟನ ಮೂರು ಬಗೆಗಳು ಈ ಎಡೆಯಲ್ಲಿ ಸ್ಪಷ್ಟವಾಗಿ ಕಾಣುತ್ತವೆ. 2017ರಲ್ಲಿ ಭಾರತದ ಸಂಸತ್ತು ಮಾನಸಿಕ ಆರೋಗ್ಯ ಸಂರಕ್ಷಣೆಯ ಕಾಯಿದೆಯನ್ನು ಮಾಡಿ, ರೋಗಿಗೆ ಘನತೆಯಿಂದ ಬಾಳುವ ಹಕ್ಕುಂಟೆಂದು ವಿಧಿಸಿತು. ಇದು ಪ್ರಭುವಿನ ಮಾತು. ‘ಮನಮಂಥನ’ದ್ದು ಮಿತ್ರನ ಮಾತು. ಅವೆರಡಕ್ಕೂ ಬಹಳ ಮುಂಚೆ ‘ಶರಪಂಜರ’ವು ಕಾಂತೆಯ ಮಾತನ್ನು ಆಡಿತ್ತು. ಕಾಯಿದೆಯು ಆಸ್ಪತ್ರೆಯ ಬಾಗಿಲನ್ನು ತೆರೆಯಿಸಬಲ್ಲುದೇ ಹೊರತು, ಗುಣವಾಗಿ ಬಂದವಳಿಗೆ ಮನೆಯ ಬಾಗಿಲನ್ನು ತೆರೆಯಿಸಲಾರದು. ಆ ಕೆಲಸಕ್ಕೆ ಕಥೆಯೇ ಬೇಕು. ಇಂತಹ ವ್ಯಾಧಿಯನ್ನು ಬಚ್ಚಿಟ್ಟುಕೊಂಡಿರುವ ಮನೆಗಳು ಎಷ್ಟೋ ಇರುವುದರಿಂದ, ಈ ಜೋಡಿಯು ಒಂದು ಜೀವವನ್ನು ಉಳಿಸಿದರೂ ಆಶ್ಚರ್ಯವಿಲ್ಲ.

ಐದನೆಯ ಜೋಡಿಯನ್ನು ಸಂಗ್ರಹವಾಗಿ ಹೇಳಿದರೆ ಸಾಕು. ಮಾಸ್ತಿಯವರ ‘ಚಿಕವೀರ ರಾಜೇಂದ್ರ’ವು 1834ರಲ್ಲಿ ಕೊಡಗು ಇಂಗ್ಲಿಷರ ವಶವಾದುದರ ಕಥೆ. ರಾಜನ ದೌಷ್ಟ್ಯ, ಕುಂಟ ಬಸವನ ನಿಷ್ಠೆ, ಗೌರಮ್ಮ ರಾಣಿಯ ಸಂಕಟ ಇವುಗಳಲ್ಲಿ ಯಾವುದನ್ನೂ ಮಾಸ್ತಿಯವರು ಕೂಗಿ ಹೇಳುವುದಿಲ್ಲ. ರಾಜ್ಯವು ಹೊರಗಿನ ಶತ್ರುವಿಗಿಂತ ಮುನ್ನ ಒಳಗೇ ಕುಸಿದಿತ್ತೆಂಬುದನ್ನು ಓದುಗರೇ ಕಂಡುಕೊಳ್ಳುವಂತೆ ಬಿಡುತ್ತಾರೆ. ಇದರ ಜೊತೆಗೆ ಡಿ. ವಿ. ಗುಂಡಪ್ಪನವರ ‘ಜ್ಞಾಪಕ ಚಿತ್ರಶಾಲೆ’ಯನ್ನು ಇಡಬಹುದು. ಅಲ್ಲಿಯದು ಅರಸರ ಚರಿತ್ರೆಯಲ್ಲ; ವಿದ್ವಾಂಸರು, ಗಾಯಕರು, ದಿವಾನರು, ಹಳ್ಳಿಯ ವೈದಿಕರು ಮೊದಲಾದವರ ನಡೆನುಡಿಗಳ ಚರಿತ್ರೆ. ಸ್ಮರಣೆಯು ಪ್ರೀತಿಪಾತ್ರರ ದೋಷಗಳನ್ನು ಮೃದುಗೊಳಿಸುವುದೆಂಬ ಎಚ್ಚರವು ಓದುಗರಿಗಿರಬೇಕು. ಆ ಎಚ್ಚರದೊಡನೆ ಓದಿದರೆ, ಒಂದು ಕಾಲವು ಹೇಗೆ ಕೆಡುತ್ತದೆಂಬುದನ್ನು ಮೊದಲನೆಯ ಪುಸ್ತಕದಿಂದಲೂ ಏನನ್ನು ಉಳಿಸಿ ಹೋಗುತ್ತದೆಂಬುದನ್ನು ಎರಡನೆಯದರಿಂದಲೂ ತಿಳಿಯಬಹುದು.

ಈ ಐದು ಜೋಡಿಗಳಿಗೂ ಸೇವಕನಂತೆ ಒಂದು ನಿಘಂಟು ಬಳಿಯಲ್ಲಿರಬೇಕು. 1894ರಲ್ಲಿ ಪ್ರಕಟವಾದ ಕಿಟ್ಟೆಲರ ಕೋಶವಾಗಲಿ, ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ನಿಘಂಟಾಗಲಿ ಆದೀತು. ಪಾ. ವೆಂ. ಆಚಾರ್ಯರ ‘ಪದಾರ್ಥ ಚಿಂತಾಮಣಿ’ಯೂ ಜೊತೆಗಿದ್ದರೆ, ಒಂದೊಂದು ಪದವೂ ತನ್ನ ಹುಟ್ಟನ್ನು ಕುರಿತು ಒಂದು ಕಥೆಯನ್ನು ಹೇಳಬಲ್ಲುದೆಂಬುದು ಮಕ್ಕಳಿಗೆ ಮನದಟ್ಟಾಗುವುದು.

ಇಲ್ಲಿ ಎರಡು ಪೂರ್ವಪಕ್ಷಗಳು ಏಳುತ್ತವೆ. ಕಥೆಯು ಕಲ್ಪಿತ, ಶಾಸ್ತ್ರವು ಸತ್ಯ. ಎರಡನ್ನೂ ಒಂದೆಡೆ ಕೂಡಿಸಿದರೆ ಎಳೆಯ ಬುದ್ಧಿಯು ಸುಳ್ಳುನಿಜಗಳನ್ನು ಬೆರಸಿಕೊಳ್ಳುವುದೆಂಬುದು ಮೊದಲನೆಯದು. ಇದಕ್ಕೆ ಸಮಾಧಾನವು ಹಾರುವ ಓತಿಯಲ್ಲಿಯೇ ಇದೆ. ಕಾದಂಬರಿಯನ್ನು ಮಾತ್ರ ಓದಿದವನು ಓತಿಯನ್ನು ಕಲ್ಪನೆಯೆಂದಾದರೂ ಪವಾಡವೆಂದಾದರೂ ತಿಳಿಯುವನು. ಪ್ರಾಣಿಶಾಸ್ತ್ರವನ್ನೂ ಓದಿದವನು ಎಲ್ಲಿಯವರೆಗೆ ನಿಜ, ಎಲ್ಲಿಂದ ಕಲೆ ಎಂಬ ಗೆರೆಯನ್ನು ತಾನೇ ಎಳೆದುಕೊಳ್ಳುವನು. ಜೋಡಿಯಲ್ಲಿ ಓದಿದಾಗ ಬೆರಕೆಯ ಭಯವು ಕಡಿಮೆಯಾಗುವುದೇ ಹೊರತು ಹೆಚ್ಚುವುದಿಲ್ಲ.

ಎರಡನೆಯ ಆಕ್ಷೇಪವು ಇನ್ನೂ ಬಲವಾದುದು. ವಿಜ್ಞಾನವು ದಿನದಿನಕ್ಕೆ ಬೆಳೆಯುವುದು ಇಂಗ್ಲಿಷಿನಲ್ಲಿ. ಕನ್ನಡದ ಗ್ರಂಥಗಳು ಕೆಲವೇ, ಅವೂ ಹಳೆಯವು. ಇವುಗಳಿಗೆ ಮಕ್ಕಳನ್ನು ಕಟ್ಟಿಹಾಕುವುದು ಅವರಿಗೆ ದ್ರೋಹವಲ್ಲವೆ ಎಂಬುದು. ಹೊಸ ಸಂಗತಿಗಳಿಗಾಗಿ ಇಂಗ್ಲಿಷನ್ನು ಓದಬೇಕೆಂಬುದರಲ್ಲಿ ಯಾರಿಗೂ ವಿವಾದವಿಲ್ಲ. ಸ್ವಾಮಿಯವರೂ ಕಾರಂತರೂ ಶಿವರಾಮರೂ ಇಂಗ್ಲಿಷಿನಲ್ಲಿ ಯಥೇಚ್ಛವಾಗಿ ಓದಿದವರೇ. ಆದರೆ ತಿಳಿದುದನ್ನು ಅವರು ತಾಯಿಗೆ, ತಂಗಿಗೆ, ತೋಟದ ಆಳಿಗೆ ತಿಳಿಯುವ ಮಾತಿನಲ್ಲಿ ಹಂಚಿದರು. ಮೆಣಸಿನಕಾಯಿಯು ಎಲ್ಲಿಂದ ಬಂತೆಂಬುದನ್ನು ಇಂಗ್ಲಿಷಿನಲ್ಲಿ ಓದಿದ ಹುಡುಗನಿಗೆ ಒಂದು ಅಂಕ ಸಿಕ್ಕೀತು. ಕನ್ನಡದಲ್ಲಿ ಓದಿದವನು ಅಡಿಗೆಮನೆಗೆ ಹೋಗಿ ಅಜ್ಜಿಯೊಡನೆ ಅದನ್ನು ಮಾತನಾಡಬಲ್ಲನು, ಶ್ರಾದ್ಧದ ಅಡಿಗೆಯ ವಿಷಯವನ್ನು ಅವಳಿಂದ ಕೇಳಿ ತಿಳಿಯಬಲ್ಲನು. ಹೀಗೆ ಹಿಂದುಮುಂದಾಗಿ ಹರಿಯುವ ತಿಳಿವೇ ಮನೆಯ ವಿದ್ಯೆ. ಹಳೆಯವೆಂಬ ದೋಷಕ್ಕೆ ಪರಿಹಾರವು ಹೊಸವನ್ನು ಬರೆಯುವುದು, ಮತ್ತು ಬರೆದುದನ್ನು ಕೊಂಡು ಓದುವುದು. ಕೊಳ್ಳುವವರಿಲ್ಲದ ಭಾಷೆಯಲ್ಲಿ ಎಂತಹ ವಿಜ್ಞಾನಿಯೂ ಬಹುದಿನ ಬರೆಯಲಾರನು.

ಆದುದರಿಂದ ವಿದ್ಯಾವಂತ ಕುಟುಂಬಗಳು ಮಾಡಬೇಕಾದ ಕೆಲಸವು ದೊಡ್ಡದೇನೂ ಅಲ್ಲ. ಮದುವೆ ಮುಂಜಿಗಳಲ್ಲಿ ಉಡುಗೊರೆಯಾಗಿ ಒಂದು ಪುಸ್ತಕವನ್ನು ಕೊಡುವವರು ಜೋಡಿಯಾಗಿ ಎರಡನ್ನು ಕೊಡಲಿ. ಕಾದಂಬರಿಯನ್ನು ಓದಿ ಮುಗಿಸಿದ ಸೊಸೆಗೆ ಅದರ ಜೊತೆಯ ಶಾಸ್ತ್ರವೂ, ಪರೀಕ್ಷೆಯನ್ನು ಮುಗಿಸಿದ ಹುಡುಗನಿಗೆ ಅದರ ಜೊತೆಯ ಕಥೆಯೂ ಕೈಗೆಟಕುವಂತಿರಲಿ. ಬೀರುವಿಗೆ ಬೀಗ ಬೇಡ. ಪುಸ್ತಕಗಳು ಸವೆದು ಹರಿದರೆ ಕಟ್ಟುಹಾಕಿಸಬಹುದು. ಕೇಳಬೇಕೆನಿಸಿದ ಹೊತ್ತಿನಲ್ಲಿ ಉತ್ತರ ಸಿಕ್ಕದೆ ಬಾಡಿಹೋದ ಪ್ರಶ್ನೆಯನ್ನು ಮತ್ತೆ ಚಿಗುರಿಸುವುದು ಕಷ್ಟ.